ಕಿಲ್ಲಾರಿಯ ಗೋಡೆಗಳೇ ನಮ್ಮ ಕಲಬುರಗಿಯಲ್ಲೂ ಇವೆ

ಕಲಬುರಗಿ, ಬೀದರ್, ವಿಜಯಪುರದ ಕಡೆ ನೆಲ ಸ್ವಲ್ಪ ಗುಡುಗಿದರೆ ಸಾಕು, ಎರಡು ಮಾತು ಹರಿದಾಡುತ್ತವೆ. ಒಂದು: "ನಮ್ಮದು ದಖ್ಖನ್ನಿನ ಗಟ್ಟಿ ಕಲ್ಲಿನ ನೆಲ, ಏನೂ ಆಗಲ್ಲ." ಇನ್ನೊಂದು ವಾಟ್ಸಾಪ್‌ನಲ್ಲಿ ಬರುವ "ಇವತ್ತು ರಾತ್ರಿ ದೊಡ್ಡದು ಬರುತ್ತೆ." ಎರಡೂ ತಪ್ಪು. ಇವೆರಡರಲ್ಲಿ ಹೆಚ್ಚು ಅಪಾಯಕಾರಿ ಮೊದಲನೆಯದು ಎಂದು ನಾನು ನಂಬುತ್ತೇನೆ. ವದಂತಿ ಒಂದು ರಾತ್ರಿಯ ನಿದ್ದೆ ಕೆಡಿಸುತ್ತದೆ. ಹುಸಿ ಧೈರ್ಯ ಮೂವತ್ತು ವರ್ಷ ಗೋಡೆ ರಿಪೇರಿ ಮಾಡಿಸದೆ ಕೂರಿಸುತ್ತದೆ.

1993ರ ಸೆಪ್ಟೆಂಬರ್ 30ರ ನಸುಕಿನಲ್ಲಿ, ನಾಲ್ಕು ಗಂಟೆಗೆ ಇನ್ನೇನು ಕೆಲವು ನಿಮಿಷ ಇರುವಾಗ, ಮಹಾರಾಷ್ಟ್ರದ ಲಾತೂರು ಜಿಲ್ಲೆಯ ಕಿಲ್ಲಾರಿ ನಡುಗಿತು. ತೀವ್ರತೆ 6.2. ನೇರ ಅಳತೆಯಲ್ಲಿ ಕಿಲ್ಲಾರಿ ಕಲಬುರಗಿಯಿಂದ ಸುಮಾರು 85 ಕಿ.ಮೀ. ಅಷ್ಟೇ. ಸತ್ತವರ ಲೆಕ್ಕ ಒಂದೊಂದು ಕಡೆ ಒಂದೊಂದು ರೀತಿ ಇದೆ, ಸುಮಾರು 8 ಸಾವಿರದಿಂದ 10 ಸಾವಿರ. ಈಗ 2015ರ ನೇಪಾಳದ ಭೂಕಂಪ ನೋಡಿ: ತೀವ್ರತೆ 7.8, ಹೊರಬಿದ್ದ ಶಕ್ತಿ ಕಿಲ್ಲಾರಿಯ ಸುಮಾರು 250 ಪಟ್ಟು, ಸಾವು 9 ಸಾವಿರದ ಆಸುಪಾಸು. ಶಕ್ತಿಯಲ್ಲಿ ಅಷ್ಟು ಅಂತರವಿದ್ದೂ ಹೆಣಗಳ ಲೆಕ್ಕ ಹೆಚ್ಚುಕಡಿಮೆ ಒಂದೇ. ಕಿಲ್ಲಾರಿಯಲ್ಲಿ ಕಂಪನ ಹುಟ್ಟಿದ್ದು ಮೇಲ್ಪದರದಲ್ಲೇ, ಅದೂ ಊರುಗಳ ಕೆಳಗೇ, ಎಲ್ಲರೂ ಮಲಗಿದ್ದ ಹೊತ್ತಿನಲ್ಲಿ. ಅವೆಲ್ಲ ಹೌದು. ಆದರೆ ಜನ ಸತ್ತದ್ದು ಮನೆಯ ಕಲ್ಲು, ಮಣ್ಣಿನ ಕೆಳಗೆ.

ಅಂದಿನ ಭೂಕಂಪ ವಲಯ ನಕ್ಷೆಯಲ್ಲಿ ಆ ಜಾಗ ವಲಯ 1ರಲ್ಲಿತ್ತು, ಅಂದರೆ ದೇಶದಲ್ಲೇ ಅತಿ ಕಡಿಮೆ ಅಪಾಯದ ಪಟ್ಟಿ. 2002ರಲ್ಲಿ ಐಎಸ್ 1893, ಅಂದರೆ ಭೂಕಂಪ ತಾಳುವ ಕಟ್ಟಡಗಳ ಭಾರತೀಯ ಮಾನದಂಡ, ಪರಿಷ್ಕರಣೆಯಾದಾಗ ವಲಯ 1 ಎಂಬುದನ್ನೇ ತೆಗೆದು ವಲಯ 2ರಲ್ಲಿ ಸೇರಿಸಿದರು, ಲಾತೂರನ್ನು ವಲಯ 3ಕ್ಕೆ ಏರಿಸಿದರು. ಆ ನಕ್ಷೆಯಲ್ಲಿ ಬೆಳಗಾವಿ, ಧಾರವಾಡ, ವಿಜಯಪುರ, ಮಂಗಳೂರು ವಲಯ 3. ಕಲಬುರಗಿ, ಬೆಂಗಳೂರು ವಲಯ 2. ಖಂಡದ ಒಳನಾಡಿನಲ್ಲಿ ಈ ನಕ್ಷೆಗಳು ಬಹುಮಟ್ಟಿಗೆ ಹಿಂದೆ ಆದದ್ದರ ದಾಖಲೆ. ಸಾವಿರಾರು ವರ್ಷಕ್ಕೊಮ್ಮೆ ಜಾರುವ ಜಾಗವನ್ನು ನೂರಿನ್ನೂರು ವರ್ಷದ ದಾಖಲೆ ಹಿಡಿಯುವುದಿಲ್ಲ.

ಒಳನಾಡಿನಲ್ಲಿ ಭೂಕಂಪ ಏಕೆ? ಭಾರತದ ಫಲಕ ವರ್ಷಕ್ಕೆ ಸುಮಾರು 5 ಸೆಂ.ಮೀ. ಉತ್ತರಕ್ಕೆ ಸರಿದು ಏಷ್ಯಾವನ್ನು ಒತ್ತುತ್ತಿದೆ. ಆ ಒತ್ತಡ ಹಿಮಾಲಯದಲ್ಲೇ ಮುಗಿಯುವುದಿಲ್ಲ, ಇಡೀ ಫಲಕಕ್ಕೆ ಹರಡುತ್ತದೆ. ನಮ್ಮ ಕೆಳಗಿನ ಶಿಲೆ ಗಟ್ಟಿಯೇ, ಆದರೆ ಒಂದೇ ತುಂಡಲ್ಲ. ಅದರಲ್ಲಿ ಕೋಟ್ಯಂತರ ವರ್ಷ ಹಿಂದಿನ ಬಿರುಕುಗಳಿವೆ, ಭೂವಿಜ್ಞಾನಿಗಳು ಸ್ತರಭಂಗ ಎನ್ನುವಂಥವು. ಒತ್ತಡ ತಾಳಲಾರದೆ ಅಂಥದ್ದೊಂದು ಜಾರಿದರೆ ಭೂಕಂಪ. ಕಿಲ್ಲಾರಿಯಲ್ಲಿ ಒಂದು ಪಕ್ಕದ ಶಿಲೆ ಇನ್ನೊಂದರ ಮೇಲೇರಿತು. ಆಮೇಲೆ ಅಲ್ಲಿ 617 ಮೀಟರ್ ಕೊರೆದು ನೋಡಿದಾಗ ಮೇಲಿನ 338 ಮೀಟರ್ ಬರೀ ಲಾವಾ ಕಲ್ಲು, ಅದರಡಿ ತೆಳುವಾದ ಮಣ್ಣುಕಲ್ಲಿನ ಪದರ, ಅದರಡಿ ನೈಸ್ ಎಂಬ ಪುರಾತನ ಗಟ್ಟಿ ಶಿಲೆ ಸಿಕ್ಕಿತು. ಬಿರುಕಿನ ಬಹುಪಾಲು ಇಷ್ಟೆಲ್ಲದರ ಕೆಳಗೆ, ಅದರ ಮೇಲೆ ಎರೆಮಣ್ಣಿನ ಹೊಲ. ಹೊರಗಿನಿಂದ ಏನು ಕಂಡೀತು? ಕ್ಯಾಲಿಫೋರ್ನಿಯಾದಲ್ಲಿ ವರ್ಷಕ್ಕೆ ಇಷ್ಟು ಸೆಂ.ಮೀ. ಎಂದು ಬಿರುಕು ಸರಿಯುತ್ತದೆ, ಗುರುತಿಸಿ ಗೆರೆ ಎಳೆಯಬಹುದು. ಇಲ್ಲಿ "ನಮ್ಮೂರ ಕೆಳಗೆ ಬಿರುಕು ಇದೆಯೇ" ಎಂದು ಕೇಳಿದರೆ ನಂಬುವಂಥ ಉತ್ತರ ಯಾರೂ ಕೊಡಲಾರರು. "ನಮ್ಮ ಗೋಡೆಯಲ್ಲಿ ಉದ್ದಗಲ್ಲು, ಅಂದರೆ ಗೋಡೆಯ ಎರಡೂ ಮುಖವನ್ನು ಹಿಡಿದಿಡುವ ಉದ್ದನೆಯ ಕಲ್ಲು, ಇದೆಯೇ" ಎಂದು ಕೇಳಿ, ಅದಕ್ಕೆ ನಿಮ್ಮೂರ ಗೌಂಡಿಯೇ ಉತ್ತರ ಕೊಡುತ್ತಾನೆ.

ಇನ್ನೊಂದು ವಿಷಯ. ಹಳೆಯ, ತಣ್ಣಗಿನ, ಗಟ್ಟಿ ಶಿಲೆಯಲ್ಲಿ ಅಲೆಗಳು ಬೇಗ ಸೊರಗುವುದಿಲ್ಲ. ಕಿಲ್ಲಾರಿಯ ನಡುಕ ಬೆಂಗಳೂರು, ಮುಂಬೈಗೂ ತಟ್ಟಿತ್ತು. ಗಟ್ಟಿ ನೆಲ ರಕ್ಷಣೆ ಎನ್ನುವವರು ಇದನ್ನು ಗಮನಿಸಬೇಕು.

ಈಗ ಗೋಡೆಗೆ ಬರೋಣ. ಅಫಜಲಪುರ, ಆಳಂದ, ಚಿಂಚೋಳಿ, ಬಸವಕಲ್ಯಾಣದ ಹಳ್ಳಿಗಳಲ್ಲಿ ಈಗಲೂ ಇರುವ ಮಾಳಿಗೆ (ಮಣ್ಣಿನ ಚಪ್ಪಟೆ ಛಾವಣಿ) ಮನೆಗೂ ಕಿಲ್ಲಾರಿಯಲ್ಲಿ ಬಿದ್ದ ಮನೆಗೂ ಹೆಚ್ಚು ವ್ಯತ್ಯಾಸವಿಲ್ಲ. ಎರಡು ಅಡಿ, ಕೆಲವೆಡೆ ಅದಕ್ಕೂ ದಪ್ಪದ ಕಲ್ಲು ಮಣ್ಣಿನ ಗೋಡೆ. ನೋಡಿದರೆ ಕೋಟೆ. ಒಳಗೆ ನೋಡಿದರೆ ಅದು ಒಂದು ಗೋಡೆಯೇ ಅಲ್ಲ: ಹೊರಮುಖಕ್ಕೊಂದು ಸಾಲು ಕಲ್ಲು, ಒಳಮುಖಕ್ಕೊಂದು ಸಾಲು, ನಡುವೆ ಚೂರುಗಲ್ಲು ಮತ್ತು ಮಣ್ಣು. ಎರಡು ಸಾಲನ್ನೂ ಹಿಡಿದಿಡುವ ಕಲ್ಲೇ ಇಲ್ಲ. ನೆಲ ಅಲುಗಿದಾಗ ನಡುವಿನ ಚೂರು ಕೆಳಗಿಳಿದು, ಬೆಣೆ ಹೊಡೆದಂತೆ ಎರಡು ಸಾಲನ್ನೂ ಹೊರಕ್ಕೆ ತಳ್ಳುತ್ತದೆ. ಗೋಡೆ ಹೊಟ್ಟೆ ಬಿಟ್ಟು ಉದುರುತ್ತದೆ. ದಪ್ಪ ಹೆಚ್ಚಾದಷ್ಟೂ ತೂಕ ಹೆಚ್ಚು, ಅಲುಗಿಸುವ ಬಲವೂ ಹೆಚ್ಚು. ದಪ್ಪ ಗೋಡೆ ಭದ್ರ ಎಂಬ ನಂಬಿಕೆ ಇಲ್ಲಿ ತಲೆಕೆಳಗಾಗುತ್ತದೆ.

ಮೇಲೆ ಮಾಳಿಗೆಯ ಮಣ್ಣು. ಸೋರಿದಾಗಲೆಲ್ಲ ಒಂದು ಪದರ ಹಾಕುತ್ತ ಹೋದರೆ ದಪ್ಪ ಒಂದೂವರೆ ಅಡಿ ದಾಟುತ್ತದೆ. 10×12 ಅಡಿಯ ಕೋಣೆಗೆ ಲೆಕ್ಕ ಹಾಕಿ: ಸುಮಾರು 11 ಚದರ ಮೀಟರ್, 45 ಸೆಂ.ಮೀ. ದಪ್ಪ, ಘನ ಮೀಟರಿಗೆ 1,700 ಕೆ.ಜಿ. ಹಿಡಿದರೆ ಎಂಟೂವರೆ ಟನ್. ಮಳೆ ನೀರು ಕುಡಿದರೆ ಇನ್ನೂ ಹೆಚ್ಚು. ಅದರಡಿ ಮಕ್ಕಳು ಮಲಗುತ್ತಾರೆ. ಕಿಲ್ಲಾರಿಯಲ್ಲಿ ಕಂಬ, ತೊಲೆಗಳ ಅಂಕಣ ನಿಂತು ಗೋಡೆ ಮಾತ್ರ ಉದುರಿದ ಮನೆಗಳೂ ಇದ್ದವು. ಹಾಗಾಗಿ ಹಳೆಯ ಕಟ್ಟಿಗೆಯ ಅಂಕಣವನ್ನು ಕಿತ್ತುಹಾಕುವುದು ದಡ್ಡತನ.

ಇರುವ ಮನೆಯನ್ನೇ ಬಲಪಡಿಸಲು ಬರುತ್ತದೆ. ಮೊದಲು ಮಾಳಿಗೆಯ ಮಣ್ಣನ್ನು ಇಳಿಸಿ, ಅರ್ಧ ಅಡಿಯಷ್ಟು ಉಳಿಸಿ, ನೀರು ಇಳಿಯದಂತೆ ಪ್ಲಾಸ್ಟಿಕ್ ಹಾಳೆ ಹಾಸಿ ಮೇಲೆ ಮಣ್ಣು ಮೆತ್ತಿ. ಇದಕ್ಕೆ ಖರ್ಚು ಬರೀ ಕೂಲಿ ಮತ್ತು ಹಾಳೆ. ಕಂಬ, ತೊಲೆ ಸೇರುವಲ್ಲಿ ಓರೆಯಾಗಿ ಕಟ್ಟಿಗೆಯ ಆಸರೆ ಬಡಿಯಿರಿ.

ಆಮೇಲೆ ಗೋಡೆಯ ಹೊಲಿಗೆ, ಅಂದರೆ ಎರಡು ಸಾಲು ಕಲ್ಲನ್ನು ಒಂದಕ್ಕೊಂದು ಬಿಗಿಯುವುದು. ಅಡ್ಡಕ್ಕೂ ಉದ್ದಕ್ಕೂ ಸುಮಾರು ಒಂದೊಂದು ಮೀಟರಿಗೆ, ಸಾಲು ಬಿಟ್ಟು ಸಾಲು ಅರ್ಧ ಮೀಟರ್ ಸರಿಸಿ, ಗುರುತು ಹಾಕಿಕೊಳ್ಳಿ. ಗುರುತಿನ ಕಲ್ಲಿನ ಸುತ್ತಲ ಮಣ್ಣು ಕೆರೆದು, ಸಣ್ಣ ಸರಳಿನಿಂದ ಮೀಟಿ ಕಲ್ಲನ್ನು ನಿಧಾನ ತೆಗೆಯಬೇಕು. ಸುತ್ತಿಗೆ ಮುಟ್ಟಬಾರದು, ಹೊಡೆದರೆ ಒಳಗಿನ ಚೂರು ಕುಸಿದು ಪಕ್ಕದ ಕಲ್ಲೂ ಸಡಿಲವಾಗುತ್ತದೆ. ಒಳಗಿನ ಚೂರನ್ನೂ ತೆಗೆದು ಆಚೆ ಮುಖದ ಕಲ್ಲನ್ನೂ ಮೀಟಿದರೆ ಸುಮಾರು 75 ಮಿ.ಮೀ. ತೂತು ಆಗುತ್ತದೆ. ಎರಡೂ ಮುಖದಲ್ಲಿ ಅಗಲ, ನಡುವೆ ಸಣ್ಣದಾಗಿರಲಿ. ಅರ್ಧದವರೆಗೆ 1:2:4 (ಸಿಮೆಂಟ್, ಮರಳು, ಜಲ್ಲಿ) ಕಾಂಕ್ರೀಟ್ ತುಂಬಿ, ಎರಡೂ ತುದಿ ಕೊಕ್ಕೆಯಾಗಿ ಬಗ್ಗಿಸಿದ 8 ಮಿ.ಮೀ. ಸರಳು ಇಟ್ಟು, ಉಳಿದದ್ದನ್ನು ತುಂಬಿ. ಸರಳು ಹೊರಗೆ ಕಾಣಬಾರದು, ಕಂಡರೆ ತುಕ್ಕು. ಕನಿಷ್ಠ ಹತ್ತು ದಿನ ನೀರು ಹೊಡೆಯಬೇಕು. ಈ ಕೆಲಸ ಕೆಡುವುದು ಹೆಚ್ಚಾಗಿ ಇಲ್ಲೇ: ನೀರಿನ ಅಭಾವದ ಊರಿನಲ್ಲಿ ಎರಡು ದಿನ ಚಿಮುಕಿಸಿ ಬಿಟ್ಟರೆ ಕಾಂಕ್ರೀಟ್ ಪುಡಿಯಾಗುತ್ತದೆ. ಹೊಟ್ಟೆ ಬಿಟ್ಟ ಗೋಡೆಗೆ ಮಾತ್ರ ಈ ಹೊಲಿಗೆ ಸಾಲದು. ತೂಗುಗುಂಡು ಬಿಟ್ಟು ನೋಡಿ, ಉಬ್ಬಿದ್ದರೆ ಅಷ್ಟು ಭಾಗ ಬಿಚ್ಚಿ ಕಟ್ಟಿಸುವುದೇ ದಾರಿ.

ಬಾಗಿಲು, ಕಿಟಕಿಯ ಮೇಲ್ಮಟ್ಟದಲ್ಲಿ ಮನೆ ಸುತ್ತಲೂ ಒಂದು ಪಟ್ಟಿ ಬೇಕು. ಹೊಸ ಮನೆಯಾದರೆ ಕಾಂಕ್ರೀಟ್ ಲಿಂಟೆಲ್ ಪಟ್ಟಿ: ಎರಡು ಸರಳಿಗೆ 75 ಮಿ.ಮೀ. ದಪ್ಪ, ನಾಲ್ಕು ಸರಳಿಗೆ 150 ಮಿ.ಮೀ. ಕಿಟಕಿ ಮೇಲಷ್ಟೇ ತುಂಡು ಲಿಂಟೆಲ್ ಹಾಕಿ "ಪಟ್ಟಿ ಹಾಕಿದೆ" ಎನ್ನುವ ಕಂಟ್ರಾಕ್ಟರನ್ನು ನಂಬಬೇಡಿ. ಮೂಲೆಯಲ್ಲಿ ಸರಳು ಕತ್ತರಿಸಿ ನಿಲ್ಲಿಸದೆ ಬಗ್ಗಿಸಿ ಆಚೆ ಗೋಡೆಯ ಸರಳಿಗೆ ಸಾಕಷ್ಟು ಉದ್ದ ಜೋಡಿಸಿರಬೇಕು. ಮೊದಲು ಬಿಚ್ಚಿಕೊಳ್ಳುವುದು ಮೂಲೆಯೇ. ಹೊಸ ಕಲ್ಲಿನ ಗೋಡೆ 450 ಮಿ.ಮೀ. ಮೀರದಿರಲಿ, ಎತ್ತರದಲ್ಲಿ ಪ್ರತಿ 600 ಮಿ.ಮೀ.ಗೆ, ಉದ್ದದಲ್ಲಿ ಪ್ರತಿ 1,200 ಮಿ.ಮೀ.ಗೆ ಒಂದು ಉದ್ದಗಲ್ಲು ಇರಲಿ. ಹೊಸ ಮನೆಯ ಇದೆಲ್ಲ 1993ರ ಐಎಸ್ 13828 ಎಂಬ ಭಾರತೀಯ ಮಾನದಂಡದಲ್ಲೇ ಇದೆ.

2021ರ ಅಕ್ಟೋಬರ್‌ನಲ್ಲಿ ಚಿಂಚೋಳಿ ತಾಲೂಕಿನ ಗಡಿಕೇಶ್ವರದಲ್ಲಿ ಮೇಲಿಂದ ಮೇಲೆ ನೆಲ ಗುಡುಗಿ ಜನ ಊರು ಬಿಟ್ಟರು. ಅಂಥ ಸರಣಿ ಕಂಪನಗಳು ಬಹುತೇಕ ತಾವಾಗಿಯೇ ತಣ್ಣಗಾಗುತ್ತವೆ. ಆದರೆ ಕಿಲ್ಲಾರಿಯಲ್ಲೂ 1992ರಲ್ಲಿ ಹೀಗೇ ಸಣ್ಣ ಕಂಪನಗಳು ಬಂದು ನಿಂತಿದ್ದವು. ಯಾವುದು ತಣ್ಣಗಾಗುವ ಸರಣಿ, ಯಾವುದು ಮುನ್ಸೂಚನೆ ಎಂದು ಆ ಹೊತ್ತಿಗೆ ಹೇಳುವ ವಿದ್ಯೆ ಯಾರಲ್ಲೂ ಇಲ್ಲ. ಆದ್ದರಿಂದಲೇ ತಗಡಿನ ಶೆಡ್ಡು, ಸಾಂತ್ವನದ ಭೇಟಿಗೆ ಸರಕಾರದ ಕೆಲಸ ನಿಲ್ಲಬಾರದು.

ಕಿಲ್ಲಾರಿಯ ನಂತರ ಮಹಾರಾಷ್ಟ್ರ 52 ಊರುಗಳನ್ನು ಸ್ಥಳಾಂತರಿಸಿತು. ಉಳಿದ ಊರುಗಳಲ್ಲಿ ಬಲಪಡಿಸಲು ಕೊಟ್ಟ ಹಣದಲ್ಲಿ ಬಹಳಷ್ಟು ಜನ ಪಕ್ಕದಲ್ಲೊಂದು ಹೊಸ ಕೋಣೆ ಕಟ್ಟಿಕೊಂಡರು, ಹಳೆ ಮನೆ ಹಾಗೇ ಉಳಿಯಿತು. ಅವರನ್ನು ದೂರುವಂತಿಲ್ಲ, ಗೋಡೆಯೊಳಗಿನ ಹೊಲಿಗೆ ಕಣ್ಣಿಗೆ ಕಾಣದು, ಕೋಣೆ ಕಾಣುತ್ತದೆ. ನಮ್ಮಲ್ಲಿ ಮಾಡುವುದಾದರೆ ಮೊದಲು ಪ್ರತಿ ಪಂಚಾಯಿತಿಯ ಗೌಂಡಿಗಳಿಗೆ ಕೂಲಿ ಕೊಟ್ಟು ತರಬೇತಿ ಕೊಡಲಿ, ಊರಿನ ಶಾಲೆಯೋ ಅಂಗನವಾಡಿಯೋ ಒಂದು ಕಲ್ಲಿನ ಕಟ್ಟಡವನ್ನು ಎಲ್ಲರೆದುರು ಬಿಚ್ಚಿ ಹೊಲಿದು ತೋರಿಸಲಿ. ಮನೆಗೆ ಕೊಡುವ ಹಣವನ್ನು ಕಂತಿನಲ್ಲಿ ಕೊಡಲಿ: ಮಾಳಿಗೆ ಮಣ್ಣು ಇಳಿಸಿದಾಗ ಒಂದು, ತೂತಿಗೆ ಸರಳು ಇಟ್ಟು ಮುಚ್ಚುವ ಮೊದಲು ಎಂಜಿನಿಯರ್ ಬಂದು ನೋಡಿ ಒಂದು, ನೀರು ಹೊಡೆದು ಮುಗಿದ ಮೇಲೆ ಕೊನೆಯದು.