ಒಂದು ಕೈಯಲ್ಲಿ ಕೊಟ್ಟು ಇನ್ನೊಂದರಲ್ಲಿ ಕಳೆದ ರ್‍ಯಾಂಕ್ ಪೇ

ನಮ್ಮ ಮನೆಯ ಮದುವೆಗಳಲ್ಲಿ ಈ ಪ್ರಶ್ನೆ ತಪ್ಪಿದ್ದಲ್ಲ. ಭೂಸೇನೆಯಲ್ಲಿ ಮೇಜರ್ ಆಗಿದ್ದ ಚಿಕ್ಕಪ್ಪ, ನೌಕಾಪಡೆಯಲ್ಲಿ ಲೆಫ್ಟಿನೆಂಟ್ ಕಮಾಂಡರ್ ಆಗಿದ್ದ ಭಾವ, ಇಬ್ಬರಲ್ಲಿ ಯಾರು ದೊಡ್ಡವರು? ಇಬ್ಬರೂ ಸಮ. ಆದರೆ ನೌಕಾಪಡೆಯ ಕ್ಯಾಪ್ಟನ್ ಎಂದರೆ ಭೂಸೇನೆಯ ಕರ್ನಲ್‌ಗೆ ಸಮ ಎಂದು ವಿವರಿಸಲು ಹೊರಟರೆ ಕೇಳಿದವರು ಮೆಲ್ಲಗೆ ಊಟದ ಪಂಕ್ತಿಯತ್ತ ಜಾರುತ್ತಾರೆ.

ಸಮ ಎಂದು ಬರೆಯುವುದು ಸುಲಭ, ಸಂಬಳದಲ್ಲಿ ತೋರಿಸುವುದು ಕಷ್ಟ. ಅಮೆರಿಕದಲ್ಲಿ 1899ರಲ್ಲೇ ಕಾಯ್ದೆ ಮಾಡಿ, ನೌಕಾ ಅಧಿಕಾರಿಗಳಿಗೂ ಭೂಸೇನೆಯ ಅದೇ ಹುದ್ದೆಯವರಷ್ಟೇ ವೇತನ, ಭತ್ಯೆ ಎಂದರು. ಕುದುರೆಯ ಮೇವಿನ ಭತ್ಯೆ ಮಾತ್ರ ಇಲ್ಲ! ಜೊತೆಗೆ, ದಡದ ಮೇಲೆ ಕೆಲಸ ಮಾಡುವಾಗ ಶೇ 15 ಕಡಿತ. 'ಸಮಾನ' ಎಂಬ ಆ ಮಾತಿನ ಅರ್ಥ ಏನೆಂದು ಆಮೇಲೆ ನ್ಯಾಯಾಲಯಗಳು ಹೇಳಬೇಕಾಯಿತು.

ನಮ್ಮಲ್ಲಿ ಮೂರೂ ಪಡೆಗಳಿಗೆ ಒಂದೇ ಪೆಟ್ಟು ಬಿತ್ತು. ನಾಲ್ಕನೇ ವೇತನ ಆಯೋಗದ ನಂತರ, 1986ರ ಜನವರಿ 1ರಿಂದ, ಬ್ರಿಗೇಡಿಯರ್‌ವರೆಗಿನ ಅಧಿಕಾರಿಗಳಿಗೆ 2,300ರಿಂದ 5,100 ರೂಪಾಯಿಯ ಒಂದೇ ವೇತನ ಶ್ರೇಣಿ. ಹುದ್ದೆಯ ವ್ಯತ್ಯಾಸ ತೋರಿಸಲು ಅದರ ಮೇಲೆ 200ರಿಂದ 1,200 ರೂಪಾಯಿಯವರೆಗೆ ರ್‍ಯಾಂಕ್ ಪೇ. ಭೂಸೇನೆಯ ಕ್ಯಾಪ್ಟನ್‌ಗೂ ಅವರಿಗೆ ಸಮನಾದ ನೌಕಾಪಡೆಯ ಲೆಫ್ಟಿನೆಂಟ್‌ಗೂ 200. ಇಲ್ಲಿಯವರೆಗೆ ಚೆನ್ನ. ಆದರೆ ಹಳೆಯ ಸಂಬಳವನ್ನು ಹೊಸ ಶ್ರೇಣಿಗೆ ಹೊಂದಿಸುವಾಗ ರ್‍ಯಾಂಕ್ ಪೇಯಷ್ಟು ಮೊತ್ತವನ್ನು ಮೊದಲೇ ಕಳೆದು, ಉಳಿದದ್ದನ್ನು ಶ್ರೇಣಿಗೆ ಕೂರಿಸಿದರು. ಮೂಲ ವೇತನವೇ ಕುಗ್ಗಿತು. ಅದರ ಹಿಂದೆಯೇ ತುಟ್ಟಿಭತ್ಯೆ, ಪಿಂಚಣಿ ಎಲ್ಲವೂ ಕುಗ್ಗಿದವು.

ಮೇಜರ್ ಎ. ಕೆ. ಧನಪಾಲನ್ ಇದನ್ನು ಕೇರಳ ಹೈಕೋರ್ಟ್‌ನಲ್ಲಿ ಪ್ರಶ್ನಿಸಿ 1998ರಲ್ಲಿ ಗೆದ್ದರು. ಸರ್ಕಾರದ ಮೇಲ್ಮನವಿ 2003ರಲ್ಲಿ ವಿಭಾಗೀಯ ಪೀಠದಲ್ಲಿ ಬಿತ್ತು, 2005ರಲ್ಲಿ ಸುಪ್ರೀಂ ಕೋರ್ಟ್‌ನಲ್ಲೂ ಬಿತ್ತು. ಆಗ ಸರ್ಕಾರ ಮಾಡಿದ್ದೇನು? ಧನಪಾಲನ್ ಒಬ್ಬರಿಗೆ ಕೊಟ್ಟು ಕೈತೊಳೆದುಕೊಂಡಿತು. ನನಗೆ ಸಿಟ್ಟು ಬರುವುದು ಇಲ್ಲಿಯೇ. ಲೆಕ್ಕದ ತಪ್ಪು ಯಾರಿಂದಲೂ ಆಗಬಹುದು. ತಪ್ಪೆಂದು ತೀರ್ಪಾದ ಮೇಲೂ 'ನೀವೂ ಬನ್ನಿ, ಒಬ್ಬೊಬ್ಬರಾಗಿ ದಾವೆ ಹೂಡಿ' ಎನ್ನುವುದು ತಪ್ಪಲ್ಲ, ಹಟ. ತಿಂಗಳುಗಟ್ಟಲೆ ಸಮುದ್ರದಲ್ಲಿ ಇರುವ ಅಧಿಕಾರಿ ಯಾವ ಬಂದರಿನಲ್ಲಿ ಇಳಿದು ವಕೀಲರನ್ನು ಹುಡುಕಬೇಕು?

ಸೈನಿಕರು ದುಡ್ಡಿಗಾಗಿ ಕೋರ್ಟಿಗೆ ಹೋಗಬಾರದು ಎಂದು ಗೆಳೆಯರೊಬ್ಬರು ಮೊನ್ನೆ ಹೇಳಿದರು. ಅವರ ಸಂಬಳದಲ್ಲಿ ಹೀಗೆ ಹಿಡಿದಿದ್ದರೆ ಒಂದು ತಿಂಗಳೂ ಸುಮ್ಮನಿರುತ್ತಿರಲಿಲ್ಲ.

2010ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ಉಳಿದವರ ಪರವಾಗಿಯೂ ಆದೇಶಿಸಿತು. ಸರ್ಕಾರ ಅದನ್ನು ಹಿಂಪಡೆಯುವಂತೆ ಕೇಳಿತು. 2012ರ ಸೆಪ್ಟೆಂಬರ್ 4ರಂದು ನ್ಯಾಯಾಲಯ ಒಪ್ಪಲಿಲ್ಲ, ಆದರೆ ಶೇ 6ರ ಬಡ್ಡಿ 2006ರ ಜನವರಿ 1ರಿಂದ ಮಾತ್ರ ಎಂದಿತು. ದೇವರು ವರ ಕೊಟ್ಟರೂ ಪೂಜಾರಿ ಕೊಡ ಎನ್ನುವ ಹಾಗೆ, ಆ ಡಿಸೆಂಬರಿನ ಜಾರಿ ಆದೇಶದಲ್ಲಿ ಹೊಸ ತಕರಾರು ಹುಟ್ಟಿತು. ಸರಿಪಡಿಸಬೇಕಾದದ್ದು 1986ರ ಜನವರಿ 1ರಂದು ಇದ್ದ ಸಂಬಳವನ್ನೋ, ಅಂದಿನಿಂದ ಮುಂದಿನದ್ದನ್ನೋ? 'ರಂದು', 'ರಿಂದ' ಎಂಬ ಎರಡು ಪ್ರತ್ಯಯಗಳ ನಡುವೆ ಎಷ್ಟೋ ಅಧಿಕಾರಿಗಳ ಬಾಕಿ ಸಿಕ್ಕಿಕೊಂಡಿತು. 1986ರ ನಂತರ ಬಡ್ತಿ ಪಡೆದವರ ಗತಿಯೇನು?

ಚಿಕ್ಕಪ್ಪ ಬಂದ ಹಣದಲ್ಲಿ ಮನೆಯ ಮಾಳಿಗೆ ಸೋರುವುದನ್ನು ನಿಲ್ಲಿಸಿದರು. ಭಾವ ಮಾತ್ರ 2006ಕ್ಕೆ ಹಿಂದಿನ ಇಪ್ಪತ್ತು ವರ್ಷಗಳ ಬಡ್ಡಿಯನ್ನು ಈಗಲೂ ಹಳೆಯ ಕ್ಯಾಲೆಂಡರಿನ ಹಿಂಬದಿಯಲ್ಲಿ ಲೆಕ್ಕ ಹಾಕುತ್ತಾರೆ.