ಜ್ಯಾಕ್ ಫಿಶ್‌ಗೆ ದುಡ್ಡು ಕೊಟ್ಟಿದ್ದು ಸರಿ

ಮೊನ್ನೆ ನಮ್ಮ ಕನ್ನಡದವರ ವಾಟ್ಸಾಪ್ ಗುಂಪಿನಲ್ಲಿ ಒಬ್ಬರು ಬರೆದರು: "ಹಿಂದಿನವರು ಆಟದ ಮೇಲಿನ ಪ್ರೀತಿಗೆ ಆಡ್ತಿದ್ರು. ಯಾವಾಗ ದುಡ್ಡು ಬಂತೋ ಆವಾಗ್ಲೇ ಆಟ ಕೆಟ್ಟುಹೋಯ್ತು." ಕೆಳಗೆ ಸಾಲುಸಾಲು ಚಪ್ಪಾಳೆ. ನನಗೆ ಚಪ್ಪಾಳೆ ಒತ್ತಲು ಮನಸ್ಸು ಬರಲಿಲ್ಲ. ಅಲ್ಲೇ ಉತ್ತರ ಬರೆದರೆ ತುಂಬಾ ಉದ್ದ ಆಗುತ್ತೆ, ಅದಕ್ಕೆ ಜ್ಯಾಕ್ ಫಿಶ್ ಅನ್ನುವ ಹಳೇ ರಗ್ಬಿ ಆಟಗಾರನ ಕಥೆ ಹಿಡಿದು ಇಲ್ಲಿ ಬರೆಯುತ್ತಿದ್ದೇನೆ.

ನಾನಿರುವುದು ಇಂಗ್ಲೆಂಡಿನ ವಾರಿಂಗ್ಟನ್‌ನಲ್ಲಿ. ಮ್ಯಾಂಚೆಸ್ಟರ್‌ಗೂ ಲಿವರ್‌ಪೂಲ್‌ಗೂ ನಡುವೆ, ಮರ್ಸಿ ನದಿಯ ದಂಡೆಯ ಊರು. ಒಂದು ಕಾಲಕ್ಕೆ ತಂತಿ ಕಾರ್ಖಾನೆಗಳಿಗೆ ಹೆಸರಾಗಿತ್ತು. ಲೋಹದ ಸರಳನ್ನು ತೂತಿನಿಂದ ತೂತಿಗೆ ಎಳೆದೆಳೆದು ತೆಳು ಮಾಡುವ ಕೆಲಸ. ಊರಿನ ರಗ್ಬಿ ಲೀಗ್ (ರಗ್ಬಿಯ ಎರಡು ಬಗೆಗಳಲ್ಲಿ ಒಂದು) ತಂಡವನ್ನು ಜನ ಇವತ್ತಿಗೂ 'ವೈರ್', ಅಂದರೆ ತಂತಿ, ಅಂತಲೇ ಕೂಗುತ್ತಾರೆ. ಕ್ರೀಡಾಂಗಣದ ಹೊರಗೆ ಬ್ರಯನ್ ಬೆವನ್ ಪ್ರತಿಮೆ ಇದೆ. ಆಸ್ಟ್ರೇಲಿಯಾದಿಂದ ಬಂದ ವಿಂಗರ್. ಈ ತಂಡಕ್ಕೆ 740 ಟ್ರೈ ಹೊಡೆದವನು. ಟ್ರೈ ಅಂದರೆ ಎದುರಾಳಿಯ ಗೆರೆ ದಾಟಿ ಚೆಂಡನ್ನು ನೆಲಕ್ಕೆ ಮುಟ್ಟಿಸಿ ಅಂಕ ಗಳಿಸುವುದು. ಆ ಲೆಕ್ಕದ ಹತ್ತಿರ ಯಾರೂ ಸುಳಿದಿಲ್ಲ. ಆದರೆ ಪಟ್ಟಿಯಲ್ಲಿ ಅವನ ಕೆಳಗಿರುವ ಹೆಸರು ನನ್ನ ಕಣ್ಣಿಗೆ ಬಿತ್ತು. ಜ್ಯಾಕ್ ಫಿಶ್, 214 ಟ್ರೈ. ಆಡಿದ್ದು 1898ರಿಂದ 1911ರವರೆಗೆ.

ಫಿಶ್ ಬಂದಿದ್ದು ರಂಕಾರ್ನ್‌ನಿಂದ. ಅದೂ ಮರ್ಸಿ ದಂಡೆಯ ಊರೇ, ಇಲ್ಲಿಂದ ಸ್ವಲ್ಪ ಕೆಳಗೆ. ಅವನು ವಾರಿಂಗ್ಟನ್ ಸೇರಿದ 1898 ಸುಮ್ನೆ ಒಂದು ವರ್ಷ ಅಲ್ಲ. ಆಟಗಾರರಿಗೆ ಬಹಿರಂಗವಾಗಿ ಸಂಬಳ ಕೊಡಬಹುದು ಅಂತ ಈ ಆಟದಲ್ಲಿ ನಿಯಮ ಬಂದ ವರ್ಷ ಅದೇ. ಆ ಗುಂಪಿನ ಗೆಳೆಯರಿಗೆ ನಾನು ಹೇಳಬೇಕಿರುವುದೂ ಇದನ್ನೇ.

ಆಗ ಶನಿವಾರವೂ ಅರ್ಧ ದಿನ ಕೆಲಸ. ದೂರದ ಊರಿಗೆ ಪಂದ್ಯಕ್ಕೆ ಹೋಗಬೇಕಾದರೆ ಗಣಿ ಕೆಲಸದವನು, ಗಿರಣಿ ಕೆಲಸದವನು ಅರ್ಧ ದಿನದ ಕೂಲಿ ಬಿಡಬೇಕಿತ್ತು. ವಕೀಲನಿಗೆ, ಜಮೀನ್ದಾರನ ಮಗನಿಗೆ ಆ ಚಿಂತೆ ಇಲ್ಲ. ತಪ್ಪಿದ ಕೂಲಿಯನ್ನಾದರೂ ತುಂಬಿಕೊಡಲು ಬಿಡಿ ಅಂತ ಇಂಗ್ಲೆಂಡಿನ ಉತ್ತರದ ಕ್ಲಬ್‌ಗಳು ರಗ್ಬಿ ನಡೆಸುತ್ತಿದ್ದ ಸಂಘವನ್ನು ಕೇಳಿದವು. ಲಾಭ ಬೇಡ, ಬಹುಮಾನ ಬೇಡ, ಕಳೆದುಕೊಂಡ ಕೂಲಿ ಅಷ್ಟೇ. 1893ರಲ್ಲಿ ಲಂಡನ್ನಿನಲ್ಲಿ ಮತಕ್ಕೆ ಹಾಕಿದರು. ಪರ 136, ವಿರೋಧ 282. ಕೂಲಿ ತೆಗೆದುಕೊಂಡರೆ ಆಟದ ಶುದ್ಧತೆ ಹಾಳಾಗುತ್ತೆ ಅನ್ನುವುದು ಗೆದ್ದವರ ವಾದ. ಹಸಿವಿನ ಪರಿಚಯವೇ ಇಲ್ಲದವರು ಕೂಲಿಯವನಿಗೆ ಶುದ್ಧತೆಯ ಪಾಠ ಹೇಳಿದ ಹಾಗೆ ಇದು. ಓದುವಾಗ ನನಗೆ ಸಿಟ್ಟು ಬಂತು.

1895ರ ಆಗಸ್ಟ್ 29ರಂದು ಹಡರ್ಸ್‌ಫೀಲ್ಡ್‌ನ ಜಾರ್ಜ್ ಹೋಟೆಲಿನಲ್ಲಿ ಸೇರಿ ಉತ್ತರದ ಕ್ಲಬ್ಬಿನವರು ಹಳೆಯ ಸಂಘದಿಂದ ಬೇರೆಯಾದರು. ಹೊಸ ಸಂಘಕ್ಕೆ ನಾರ್ದರ್ನ್ ಯೂನಿಯನ್ ಅಂತ ಹೆಸರಿಟ್ಟರು. ಇವತ್ತಿನ ರಗ್ಬಿ ಲೀಗ್ ಬೆಳೆದಿದ್ದು ಇದರಿಂದಲೇ. ವಾರಿಂಗ್ಟನ್ ಅದರಲ್ಲಿತ್ತು. ಫಿಶ್‌ನ ಊರು ರಂಕಾರ್ನ್ ಕೂಡ ಕೆಲವೇ ದಿನದಲ್ಲಿ ಸೇರಿಕೊಂಡಿತು. ತಪ್ಪಿದ ಕೆಲಸಕ್ಕೆ ದಿನಕ್ಕೆ ಆರು ಷಿಲಿಂಗ್ ಮಿತಿ. ಮೂರು ವರ್ಷ ಕಳೆದ ಮೇಲೆ ಸಂಬಳಕ್ಕೇ ಒಪ್ಪಿಗೆ ಸಿಕ್ಕಿತು.

ಅದಕ್ಕೂ ಒಂದು ಷರತ್ತಿತ್ತು. ಆಟಗಾರನಿಗೆ ಆಟ ಬಿಟ್ಟು ನಿಜವಾದ ಇನ್ನೊಂದು ಕೆಲಸ ಇರಲೇಬೇಕು. ಪಬ್‌ನಲ್ಲಿ ಗ್ಲಾಸ್ ಕೊಡುವುದು, ಬಿಲಿಯರ್ಡ್ಸ್ ಮೇಜಿನ ಹತ್ತಿರ ಅಂಕ ಬರೆಯುವುದು ಇಂಥವನ್ನು ಕೆಲಸ ಅಂತ ಒಪ್ಪುತ್ತಿರಲಿಲ್ಲ. ಕೆಲಸ ಹೋದರೆ ಆಟವೂ ಹೋಯಿತು. ಈ ಷರತ್ತು ಹೋಗಿದ್ದು 1905ರಲ್ಲಿ. ಅಂದರೆ ಫಿಶ್ ತನ್ನ ಆಟದ ಅರ್ಧ ಕಾಲ ಇದರ ಕೆಳಗೇ ಆಡಿದ. ವಾರವಿಡೀ ದುಡಿದು, ಶನಿವಾರ ಮಧ್ಯಾಹ್ನ ಮೈದಾನದ ಅಂಚಿನಲ್ಲಿ ಓಡಿ, ಸೋಮವಾರ ಮತ್ತೆ ದುಡಿಯಬೇಕಿದ್ದ ಕಾಲ ಅದು. ಇದರಲ್ಲಿ ಪ್ರೀತಿ ಇರಲಿಲ್ಲ ಅಂತ ಯಾರು ಹೇಳುತ್ತಾರೆ?

ಈಗ ಆಟದ ಮಾತು. ವಿಂಗರ್ ಅಂದರೆ ಮೈದಾನದ ಗೆರೆಗೆ ಅಂಟಿಕೊಂಡೇ ನಿಲ್ಲುವವನು. ಇಲ್ಲಿ ಗೆರೆ ಪಕ್ಕದಲ್ಲಿ ನಿಂತು ಪಂದ್ಯ ನೋಡಿದವರಿಗೆ ಗೊತ್ತು, ಅವನ ಉಸಿರು ನಮಗೆ ಕೇಳಿಸುತ್ತೆ. ಚಳಿಗೆ ಅಂಗೈ ಉಜ್ಜಿಕೊಳ್ಳುತ್ತಾ ನಿಂತಿರುತ್ತಾನೆ. ಹತ್ತು ನಿಮಿಷ ಚೆಂಡು ಅವನ ಕಡೆ ಬರುವುದೇ ಇಲ್ಲ. ಬಂದಾಗ ಒಂದು ಕಡೆ ಗೆರೆ, ಇನ್ನೊಂದು ಕಡೆ ಮೈಮೇಲೆ ಬೀಳಲು ಬರುತ್ತಿರುವ ಆಳು. ನಡುವೆ ಇರುವುದು ಒಂದು ಗಜವೋ ಎರಡು ಗಜವೋ. ಆ ಸಂದಿನಲ್ಲಿ ನುಗ್ಗಬೇಕು.

ಫಿಶ್‌ನ ಕಾಲದ ಮೊದಲ ಭಾಗದಲ್ಲಿ ಆ ಸಂದಿ ಇನ್ನೂ ಚಿಕ್ಕದು, ಏಕೆಂದರೆ ಒಂದು ಕಡೆಗೆ ಹದಿನೈದು ಜನ. ಈ ಆಟದ ದೊಡ್ಡ ಪಂದ್ಯಾವಳಿಯಾದ ಚಾಲೆಂಜ್ ಕಪ್‌ನ 1905ರ ಫೈನಲ್ ಲೀಡ್ಸ್‌ನ ಹೆಡಿಂಗ್ಲಿಯಲ್ಲಿ ನಡೆಯಿತು. ವಾರಿಂಗ್ಟನ್ 6, ಹಲ್ ಕಿಂಗ್‌ಸ್ಟನ್ ರೋವರ್ಸ್ ಸೊನ್ನೆ. ಟ್ರೈಗೆ ಆಗ ಮೂರು ಅಂಕ. ಎರಡು ಟ್ರೈ, ಎರಡೂ ಫಿಶ್‌ನದ್ದೇ. ಊರಿಗೆ ಮೊಟ್ಟಮೊದಲ ಕಪ್ ಬಂದಿದ್ದು ಆ ಒಬ್ಬನ ಅಂಕಗಳಿಂದ.

1906ರಲ್ಲಿ ನಿಯಮ ಬದಲಾಗಿ ತಂಡದಲ್ಲಿ ಹದಿಮೂರೇ ಜನ ಉಳಿದರು. ಮೈದಾನ ತೆರೆದುಕೊಂಡಿತು. ಆಟ ಇಷ್ಟು ಬದಲಾದಾಗ ಹಳಬರು ಹಿಂದೆ ಬೀಳುವುದೇ ಜಾಸ್ತಿ, ಅಲ್ವಾ? ಮರುವರ್ಷ, 1907ರಲ್ಲಿ, ವಾರಿಂಗ್ಟನ್ ಮತ್ತೆ ಫೈನಲ್‌ಗೆ ಬಂತು. ಎದುರಾಳಿ ಓಲ್ಡಮ್. ಅಂಕ 17-3. ಫಿಶ್ ಒಂದು ಟ್ರೈ ಹೊಡೆದ, ನಾಲ್ಕು ಗೋಲ್ ಒದ್ದ (ಚೆಂಡನ್ನು ಒದ್ದು ಕಂಬಗಳ ನಡುವೆ ದಾಟಿಸುವುದು). ಗೋಲಿಗೆ ಎರಡರಂತೆ ಲೆಕ್ಕ ಹಾಕಿದರೆ ಹದಿನೇಳರಲ್ಲಿ ಹನ್ನೊಂದು ಅವನೊಬ್ಬನದು. ಹದಿನೈದು ಜನರ ಆಟದಲ್ಲೂ ಕಪ್ ತಂದ, ಹದಿಮೂರು ಜನರ ಆಟದಲ್ಲೂ ತಂದ. ನನಗೆ ಅವನ ಬಗ್ಗೆ ಎಲ್ಲಕ್ಕಿಂತ ಇಷ್ಟವಾದ ಸಂಗತಿ ಇದೇ. ಒಟ್ಟು 214 ಟ್ರೈ ಜೊತೆಗೆ 263 ಗೋಲ್. ಈ ಕ್ಲಬ್‌ಗೆ ಎರಡನ್ನೂ ಇನ್ನೂರು ದಾಟಿಸಿದವನು ಅವನೊಬ್ಬನೇ.

ಇಷ್ಟೆಲ್ಲ ಮಾಡಿದವನು ರಗ್ಬಿ ಯೂನಿಯನ್, ಅಂದರೆ ಹಳೆಯ ಸಂಘದಲ್ಲೇ ಉಳಿದವರ ಕಣ್ಣಲ್ಲಿ ಕಳಂಕಿತ. ದುಡ್ಡು ಮುಟ್ಟಿದವನು. ನಾರ್ದರ್ನ್ ಯೂನಿಯನ್‌ನಲ್ಲಿ ಒಮ್ಮೆ ಆಡಿದವನಿಗೆ ಆ ಕಡೆ ಬಾಗಿಲು ಜೀವಮಾನಪೂರ್ತಿ ಮುಚ್ಚಿತ್ತು. ಆ ಬಾಗಿಲು ತೆರೆದಿದ್ದು 1995ರಲ್ಲಿ, ಅವರೂ ಸಂಬಳ ಕೊಡಲು ಶುರು ಮಾಡಿದಾಗ. ಸರಿಯಾಗಿ ನೂರು ವರ್ಷ ಬೇಕಾಯಿತು.

ನನ್ನದು ಗಂಟೆ ಲೆಕ್ಕದ ಕೆಲಸ. ಕಳೆದ ಚಳಿಗಾಲದಲ್ಲಿ ಮಗಳ ಶಾಲೆಯ ನಾಟಕ ನೋಡಲು ಒಂದು ಮಧ್ಯಾಹ್ನ ರಜೆ ಹಾಕಿದೆ. ತಿಂಗಳ ಕೊನೆಯ ಸಂಬಳದ ಚೀಟಿಯಲ್ಲಿ ಆ ನಾಲ್ಕು ಗಂಟೆ ಕಡಿತವಾಗಿತ್ತು. ನಿಯಮ ಹಾಗೇ ಇದೆ, ನಾನು ಜಗಳಕ್ಕೆ ಹೋಗಲಿಲ್ಲ. ಆದರೆ ಆ ಸಾಲನ್ನು ಬೆರಳಿಟ್ಟು ಎರಡು ಸಲ ಓದಿದೆ. ನಾಟಕ ನೋಡಿದ ಖುಷಿ ಕಡಿಮೆಯಾಗಲಿಲ್ಲ, ಆ ತಿಂಗಳು ಖರ್ಚಿಗೆ ಕೈ ಬಿಗಿಯಾಯಿತು. ಎರಡೂ ನಿಜ. ಪ್ರೀತಿ ಇದ್ದವನಿಗೆ ಕೂಲಿ ಬೇಡ ಅನ್ನುವವರು ಆ ಚೀಟಿ ಹಿಡಿದು ಕೂತವರಲ್ಲ ಅನ್ನಿಸುತ್ತೆ.

ಫಿಶ್ ಆಡಿದ ವಿಲ್ಡರ್ಸ್‌ಪೂಲ್ ಮೈದಾನದಲ್ಲಿ ಈಗ ತಂಡ ಆಡುವುದಿಲ್ಲ. 2003ರ ನಂತರ ಹೊಸ ಕ್ರೀಡಾಂಗಣಕ್ಕೆ ಬಂದರು. ಈ ಶುಕ್ರವಾರ ಅಲ್ಲಿ ಪಂದ್ಯ ಇದೆ. ನನ್ನ ಶಿಫ್ಟ್ ಬೇರೆಯವರ ಜೊತೆ ಬದಲಾಯಿಸಿಕೊಂಡಿದ್ದೇನೆ, ಕೂಲಿ ಕಡಿತ ಇಲ್ಲ. ಮಗಳನ್ನೂ ಕರೆದುಕೊಂಡು ಹೋಗಿ ಗೆರೆ ಪಕ್ಕದಲ್ಲೇ ನಿಲ್ಲುತ್ತೇನೆ, ವಿಂಗರ್ ನಿಲ್ಲುವ ಕಡೆ.