ದಾರಂದದ ಎತ್ತರ

ಕಾರವಾರದ ಕಡಲತೀರದಲ್ಲಿ ಸಂಗ್ರಹಾಲಯವಾಗಿ ನಿಂತಿರುವ ಯುದ್ಧನೌಕೆಗೂ ನನ್ನ ಹಣೆಗೂ ನಡೆದ ಮುಖಾಮುಖಿಯಲ್ಲಿ ನೌಕೆಯದ್ದೇನೂ ತಪ್ಪಿಲ್ಲ. ಅದು ಇದ್ದಲ್ಲೇ ಇತ್ತು. 2006ರಿಂದಲೂ ಅಲ್ಲೇ ಇದೆ. ಹೋಗಿ ಹೊಡೆಸಿಕೊಂಡವನು ನಾನು, ಅದೂ ಅಕ್ಕ ಓದುವುದನ್ನು ಕೇಳಿಸಿಕೊಳ್ಳುತ್ತ.

ಅಕ್ಕ ನಿವೃತ್ತ ಕನ್ನಡ ಮೇಷ್ಟ್ರು. ಬರೆದದ್ದು ಏನು ಕಂಡರೂ ಗಟ್ಟಿಯಾಗಿ ಓದುತ್ತಾಳೆ. ಬಸ್ಸಿನಲ್ಲಿ 'ಕೈ ತಲೆ ಹೊರಗೆ ಹಾಕಬೇಡಿ' ಎಂಬುದನ್ನು ಪ್ರತಿಸಲವೂ ಹೊಸ ಸುದ್ದಿ ಎಂಬಂತೆ ಓದುತ್ತಾಳೆ. ನೌಕೆಯೊಳಗೂ ಅದನ್ನೇ ಮಾಡಿದಳು. "ಉದ್ದ 38.6 ಮೀಟರ್. ತೂಕ 245 ಟನ್. ನಾಲ್ಕು ಕ್ಷಿ..." ಎನ್ನುವಾಗ ಟಣ್ ಎಂದಿತು. ಉಕ್ಕಿನ ಬಾಗಿಲು. "...ಪಣಿ" ಎಂದು ಮುಗಿಸಿದ ಮೇಲೆಯೇ ಅವಳು ತಿರುಗಿ ನೋಡಿದ್ದು. ಅವಳ ಎತ್ತರ ನಾಲ್ಕು ಅಡಿ ಹತ್ತು ಅಂಗುಲ. ಜೀವಮಾನದಲ್ಲಿ ಒಮ್ಮೆಯೂ ಎಲ್ಲಿಯೂ ತಲೆ ಬಡಿಸಿಕೊಂಡವಳಲ್ಲ. ಬಡಿಸಿಕೊಳ್ಳುವವರು ಗಮನವಿಲ್ಲದ ಜನ ಎಂಬುದು ಅವಳ ಗಟ್ಟಿ ನಂಬಿಕೆ.

ಕಾರವಾರದಲ್ಲಿ ಮದುವೆ, ಮೂರು ದಿನ ಬಿಟ್ಟು ಮಂಗಳೂರಿನಲ್ಲಿ ಗೃಹಪ್ರವೇಶ. ನಡುವಿನ ದಿನಗಳಲ್ಲಿ ನೆಂಟರ ಮನೆಯ ಹಾಸಿಗೆಗೆ ಭಾರವಾಗುವ ಬದಲು ಏನಾದರೂ ನೋಡೋಣ ಎಂದು ಹೊರಟಿದ್ದೆವು. ವೈಶಾಖದ ಬಿಸಿಲು. ಕಬ್ಬಿಣದ ನೌಕೆ ಒಳಗೆ ಇಡ್ಲಿಪಾತ್ರೆಯಂತಿತ್ತು. ಇದರಲ್ಲಿ ಸುಮಾರು ಮೂವತ್ತು ಜನ ಸಂಸಾರ ಮಾಡುತ್ತಿದ್ದರಂತೆ. ನಾವು ಇಬ್ಬರು ಹತ್ತು ನಿಮಿಷ ಜಗಳವಿಲ್ಲದೆ ಇರಲಾಗಲಿಲ್ಲ.

ನಮ್ಮ ಹಿಂದೆ ಒಬ್ಬ ತಂದೆ ತನ್ನ ಎರಡು ಮಕ್ಕಳಿಗೆ ವಿವರಿಸುತ್ತಿದ್ದರು: "1971ರ ಯುದ್ಧದಲ್ಲಿ ಕರಾಚಿಯನ್ನು ಸುಟ್ಟ ಹಡಗು ಇದೇ." ಅಲ್ಲ. ಕರಾಚಿಯ ಮೇಲಿನ ಮೊದಲ ದಾಳಿಗೆ ಹೋದವು ನಿಪಾತ್, ನಿರ್ಘಾತ್, ವೀರ್ ಎಂಬ ಮೂರು ಕ್ಷಿಪಣಿ ದೋಣಿಗಳು. ಈ ಐಎನ್‌ಎಸ್ ಚಪಲ್ ನೌಕಾಪಡೆಗೆ ಸೇರಿದ್ದೇ 1976ರಲ್ಲಿ. ಅದೇ ಸೋವಿಯತ್ ಕುಲದ್ದು ನಿಜ, ಆದರೆ ತಂಗಿ. ಅಕ್ಕಂದಿರ ಸಾಹಸವನ್ನು ತಂಗಿಯ ತಲೆಗೆ ಕಟ್ಟುವುದು ನಮ್ಮಲ್ಲಿ ಮನೆಮನೆಯ ಪದ್ಧತಿ, ಇರಲಿ. ನನಗೆ ಸಿಟ್ಟು ಬಂದದ್ದು ಬೇರೆ ಕಾರಣಕ್ಕೆ. ಯುದ್ಧ ಮಾಡದ ನೌಕೆಯನ್ನು ಮಕ್ಕಳಿಗೆ ತೋರಿಸಲು ಯಾಕೆ ಇಷ್ಟು ಸಂಕೋಚ? 1976ರಿಂದ 2005ರವರೆಗೆ, ಕರೆದಾಗ ಹೋಗಿ, ಕಳಿಸಿದಾಗ ಬಂದು, ಬಣ್ಣ ಬಳಿಸಿಕೊಂಡು ನಿವೃತ್ತಿಯಾಯಿತು. ನಾನೂ ಹೆಚ್ಚುಕಡಿಮೆ ಅಷ್ಟೇ ವರ್ಷ ಒಂದು ಕಚೇರಿಯಲ್ಲಿ ಕುಳಿತು ಎದ್ದವನು. ಯಾವ ಕರಾಚಿಯನ್ನೂ ಸುಟ್ಟಿಲ್ಲ. ನನ್ನ ಮೊಮ್ಮಕ್ಕಳಿಗೆ ಯಾರು ಏನೆಂದು ಹೇಳುತ್ತಾರೋ!

ಇನ್ನು ಆ ಹೆಸರು. ಚಪಲ ಎಂದರೆ ಚುರುಕು ಎಂದು ಇಟ್ಟಿರಬೇಕು. ಕನ್ನಡದಲ್ಲಿ ಆ ಶಬ್ದ ಯಾವತ್ತೋ ನಾಲಗೆಗೆ ಇಳಿದು ಕರಿದ ತಿಂಡಿಯ ಪಕ್ಕ ಕುಳಿತಿದೆ. ಅದಕ್ಕೇ ಏನೋ, ಹಲವರ ಬಾಯಲ್ಲಿ ಅದು 'ಚಾಪೆಲ್' ಆಗಿ ಇಗರ್ಜಿಯ ಮರ್ಯಾದೆ ಪಡೆದಿದೆ.

ಆದರೆ ನಾನು ಹೇಳಹೊರಟದ್ದು ಹಣೆಯ ವಿಷಯ. ಬುಗುಟೆ ಏಳುತ್ತಿದ್ದ ಹಾಗೆಯೇ ಆ ತಂದೆ ನನ್ನತ್ತ ತಿರುಗಿ, ಮಕ್ಕಳಿಗೂ ಕೇಳಿಸುವಂತೆ, "ಹಿಂದಿನವರು ಬಾಗಿಲು ಗಿಡ್ಡ ಮಾಡುತ್ತಿದ್ದದ್ದು ತಲೆ ಬಾಗಲಿ, ವಿನಯ ಬರಲಿ ಎಂದು" ಎಂದರು. ಸೋವಿಯತ್ ಒಕ್ಕೂಟದ ಹಡಗು ಕಟ್ಟುವವರು ನನಗೆ ವಿನಯ ಕಲಿಸಲು ಹೊರಟಿದ್ದರು ಎಂದು ನಂಬಲು ನಾನು ಸಿದ್ಧನಿಲ್ಲ. ನೀರು ನುಗ್ಗಿದರೆ ಒಂದೇ ಕೋಣೆಯಲ್ಲಿ ನಿಲ್ಲಲಿ ಎಂದು ಹಡಗಿನ ಬಾಗಿಲನ್ನು ಚಿಕ್ಕದು ಮಾಡಿ, ಬುಡವನ್ನು ಎತ್ತರಿಸಿ ಇಡುತ್ತಾರೆ. ನಮ್ಮ ಕರಾವಳಿಯ ಮನೆಗಳ ಬಾಗಿಲು ಗಿಡ್ಡವಾದದ್ದು ಮಾಡಿನ ಇಳಿಜಾರಿನಿಂದ, ಮಳೆಯಿಂದ, ಮರದ ಬೆಲೆಯಿಂದ. ವಿನಯದಿಂದ ಅಲ್ಲ. ಗಿಡ್ಡ ಬಾಗಿಲಿನ ಮನೆಯಲ್ಲೇ ಹುಟ್ಟಿ ಬೆಳೆದವನು ನಾನು. ಅಲ್ಲಿ ವಿನಯ ಎಷ್ಟಿತ್ತು ಎಂದು ನನಗೆ ಗೊತ್ತು.

ಕುಮಟೆಯ ಹತ್ತಿರದ ನಮ್ಮ ಅಜ್ಜನ ಮನೆಯ ನಡುಮನೆಗೆ ಹೊನ್ನೆ ಮರದ ದಾರಂದವಿತ್ತು. ಎತ್ತರ ಐದು ಅಡಿಗೆ ಸ್ವಲ್ಪ ಮೇಲೆ. ಮೇಲಿನ ಅಡ್ಡಪಟ್ಟಿಯ ಸರಿಮಧ್ಯದಲ್ಲಿ ಅಂಗೈ ಅಗಲದ ಜಾಗ ನುಣ್ಣಗೆ, ಎಣ್ಣೆ ಹಚ್ಚಿದಂತೆ ಹೊಳೆಯುತ್ತಿತ್ತು. ಮೂರು ತಲೆಮಾರಿನ ನೆಂಟರ ಹಣೆಗಳು ಮಾಡಿದ ಪಾಲಿಶು ಅದು. ಹೊಸಬರು ಬಂದಾಗ 'ತಲೆ ಜೋಪಾನ' ಎಂದು ಯಾರೂ ಹೇಳಬಾರದು ಎಂಬುದು ಅಜ್ಜಿಯ ಕಟ್ಟಪ್ಪಣೆ. ಹೇಳಿಬಿಟ್ಟರೆ ಮನುಷ್ಯ ಎಂಥವನು ಎಂದು ತಿಳಿಯುವುದು ಹೇಗೆ? ಪೆಟ್ಟು ತಿಂದ ಕ್ಷಣದಲ್ಲಿ ಬಾಯಿಂದ ಏನು ಬರುತ್ತದೋ ಅದೇ ಅವನ ಜಾತಕ. ಒಬ್ಬ ಸರ್ವೆಯವರು ಮನೆಯನ್ನು ಬೈದರು. ಅವರಿಗೆ ಚಹಾ ಸಿಕ್ಕಿತು, ತಿಂಡಿ ಸಿಗಲಿಲ್ಲ. ಒಬ್ಬ ಪುರೋಹಿತರು ಮರವನ್ನೇ ಶಪಿಸಿದರು. ಮುಂದಿನ ಶ್ರಾದ್ಧಕ್ಕೆ ಬೇರೆಯವರು ಬಂದರು.

ಅತ್ತೆಯನ್ನು ನೋಡಲು ಗಂಡಿನ ಕಡೆಯವರು ಬಂದದ್ದು ಒಂದು ಮಳೆಗಾಲದ ಮಧ್ಯಾಹ್ನ. ಐದು ಜನ ಹಿರಿಯರು ಕೊಡೆ ಮಡಚಿ, ಸೊಂಟ ಬಗ್ಗಿಸಿ, ರೂಢಿಯಿದ್ದವರ ಹಾಗೆ ಸಲೀಸಾಗಿ ಒಳಗೆ ಬಂದರು. ಆರನೆಯವನು ವರ. ಉದ್ದನೆಯ ಆಳು. ಹಟ್ಟಿಯ ಹಿಂದೆ ಹಲಸಿನ ಹಣ್ಣು ಬಿದ್ದಂತೆ ಸದ್ದಾಯಿತು. ನಾನು ಆಗ ಆರು ವರ್ಷದವನು, ಮೆತ್ತಿನ ಏಣಿಯ ಮೇಲಿದ್ದೆ. ಆತ ಹಣೆ ಒತ್ತಿಕೊಂಡು, ತಲೆಯೆತ್ತಿ ಪಟ್ಟಿಯನ್ನು ನೋಡಿ, "ಇದು ಹೊನ್ನೆಯೇ?" ಎಂದು ಕೇಳಿದರು. ಅಜ್ಜಿಯ ಮುಖ ಅರಳಿತು. ಪೆಟ್ಟು ಕೊಟ್ಟ ಮರದ ಕುಲ ವಿಚಾರಿಸುವ ಗಂಡಿಗಿಂತ ಬೇರೆ ಬೇಕೆ? ಅಲ್ಲೇ ಮದುವೆ ಗಟ್ಟಿಯಾಯಿತು.

ಇದು ನನ್ನ ಪಾಠ. ಅಕ್ಕನ ಪಾಠಾಂತರ ಬೇರೆ. ಅವಳ ಪ್ರಕಾರ ಮಾವ ಏನೂ ಕೇಳಲಿಲ್ಲ. ಪೆಟ್ಟು ಬಿದ್ದದ್ದೇ ಗೊತ್ತಾಗದವರ ಹಾಗೆ ಬಂದು ಕುಳಿತು, ಮೂರು ತಟ್ಟೆ ಅವಲಕ್ಕಿ ತಿಂದು, ಬಾಳೆಹಣ್ಣು ಜೇಬಿಗೆ ಹಾಕಿಕೊಂಡು ಹೊರಟರು. ಅಜ್ಜಿ ಅದನ್ನು ತಾಳ್ಮೆ ಎಂದು ತಿಳಿದಳು. ಅದು ತಾಳ್ಮೆಯಲ್ಲ, ಯಾವುದೂ ಒಳಗೆ ಇಳಿಯದ ಸ್ವಭಾವ ಎಂಬುದು ಅತ್ತೆಗೆ ತಿಳಿಯಲು ಆರು ತಿಂಗಳು ಸಾಕಾಯಿತು, ಆಮೇಲೆ ನಲವತ್ತು ವರ್ಷ ಅದರ ಜೊತೆ ಬಾಳಿದಳು. "ಹೊನ್ನೆಯೇ ಎಂದು ಕೇಳಿದವರು ಸರ್ವೆಯವರು" ಎನ್ನುತ್ತಾಳೆ ಅಕ್ಕ. ಸರ್ವೆಯವರಿಗೆ ಹಾಗಾದರೆ ತಿಂಡಿ ಯಾಕೆ ಸಿಗಲಿಲ್ಲ ಎಂದರೆ ಉತ್ತರವಿಲ್ಲ.

ಮನೆ ಈಗ ಇಲ್ಲ. ದಾರಂದವನ್ನು ಒಂದು ರೆಸಾರ್ಟಿನವರು ಕೊಂಡುಹೋಗಿ, ಎರಡೂ ಬದಿಗೆ ಕಲ್ಲಿನ ಪೀಠ ಕೊಟ್ಟು, ಎಂಟು ಅಡಿ ಎತ್ತರದಲ್ಲಿ ನಿಲ್ಲಿಸಿದ್ದಾರೆ. ಆ ನುಣುಪು ಜಾಗ ಹೋಗದಿರಲಿ ಎಂದು ವಾರ್ನಿಶ್ ಬಳಿದಿದ್ದಾರೆ. ಒಮ್ಮೆ ಹೋಗಿ ನೋಡಿದೆ. ಜನ ಅದರ ಕೆಳಗೆ ಕೈಬೀಸಿಕೊಂಡು ಓಡಾಡುತ್ತಾರೆ, ಟೋಪಿ ಕೂಡ ತಾಗುವುದಿಲ್ಲ. ಅಲ್ಲಿ ಕಾಫಿ ಕುಡಿಯದೆ ಬಂದೆ. ಬೆಲೆಯೂ ಒಂದು ಕಾರಣ.

ಕಾರವಾರದ ತೀರಕ್ಕೆ ರವೀಂದ್ರನಾಥ ಟಾಗೋರರ ಹೆಸರಿಟ್ಟಿದ್ದಾರೆ. 1883ರಲ್ಲಿ, ಇಪ್ಪತ್ತೆರಡರ ಹರೆಯದಲ್ಲಿ, ಅಲ್ಲಿ ಜಡ್ಜ್ ಆಗಿದ್ದ ಅಣ್ಣ ಸತ್ಯೇಂದ್ರನಾಥರ ಜೊತೆ ಇರಲು ಅವರು ಬಂದಿದ್ದರು. ಕಾಳಿ ನದಿಯಲ್ಲಿ ಬೆಳದಿಂಗಳ ರಾತ್ರಿ ದೋಣಿಯಲ್ಲಿ ಹೋದದ್ದನ್ನು ನೆನಪುಗಳಲ್ಲಿ ಬರೆದಿದ್ದಾರೆ. ಜಡ್ಜ್ ಸಾಹೇಬರ ಬಂಗಲೆಗೆ ಎತ್ತರದ ಬಾಗಿಲುಗಳೇ ಇದ್ದಿರಬೇಕು. ಆಳೂ ಎತ್ತರ. ಹಾಗಾಗಿ ಸರಿಹೋಗಿತ್ತು. ಅದೇ 1883ರ ಮಾರ್ಚಿನಲ್ಲಿ ಇದೇ ಕರಾವಳಿಯ ತೆಂಕಣ ತುದಿಯ ಮಂಜೇಶ್ವರದಲ್ಲಿ, ಅಜ್ಜನ ಮನೆಯಲ್ಲಿ ಗೋವಿಂದ ಪೈಗಳು ಹುಟ್ಟಿದರು. "ಹಾಗಾದರೆ ಅಲ್ಲಿಗೂ ಹೋಗೋಣ" ಎಂದಳು ಅಕ್ಕ. ಮಂಗಳೂರಿಗೆ ಹೇಗೂ ಹೋಗಬೇಕಿತ್ತು.

ತಲಪಾಡಿ ದಾಟಿದ ಮೇಲೆ ಬಸ್ಸಿನಲ್ಲಿ ಒಂದು ವಿಚಿತ್ರ ನಿಶ್ಶಬ್ದ. ಅಂಗಡಿಗಳ ಹಲಗೆಗಳು ಮಲಯಾಳಕ್ಕೆ ತಿರುಗಿದ್ದವು. ಅಕ್ಕನಿಗೆ ಓದಲು ಬಾರದು. ನಡುನಡುವೆ ಒಂದು ಕನ್ನಡ ಹಲಗೆ ಕಂಡಾಗ ದಾಹದವರ ಹಾಗೆ ಓದುತ್ತಿದ್ದಳು, "ಇಲ್ಲಿ ಪಂಕ್ಚರ್ ಹಾಕಲಾಗುವುದು" ಎಂದು, ಭಾವಪೂರ್ಣವಾಗಿ. 1949ರಲ್ಲಿ ಮದ್ರಾಸು ಸರ್ಕಾರ ರಾಷ್ಟ್ರಕವಿ ಎಂದು ಕರೆದವರ ಊರು 1956ರ ನವೆಂಬರ್ ಒಂದರಂದು ಕೇರಳಕ್ಕೆ ಸೇರಿತು. ಪೈಗಳು ಮನೆ ಬಿಟ್ಟು ಎಲ್ಲಿಗೂ ಹೋಗಲಿಲ್ಲ; ರಾಜ್ಯವೇ ಅವರ ಹೊಸ್ತಿಲು ಬಿಟ್ಟು ಹೋಯಿತು. ಅವರಿಗೆ ಈ ಹಲಗೆಗಳ ತೊಂದರೆ ಇರಲಿಲ್ಲ ಬಿಡಿ. ಇಪ್ಪತ್ತು ದಾಟಿದ ಭಾಷೆಗಳು ಬರುತ್ತಿದ್ದವು ಎನ್ನುತ್ತಾರೆ.

ಮನೆಗೆ, ಅವರ ಮೊದಲ ಕವನಸಂಕಲನದ ಹೆಸರು, 'ಗಿಳಿವಿಂಡು'. ಕ್ರಿಸ್ತನ ಕೊನೆಯ ದಿನವನ್ನೂ ಬುದ್ಧನ ಕೊನೆಯ ದಿನವನ್ನೂ ಬರೆದ ಕವಿಯ ಮನೆ. ಪುಸ್ತಕಗಳು ಬಹುಪಾಲು ಉಡುಪಿಯ ಎಂಜಿಎಂ ಕಾಲೇಜಿನ ಪಾಲಾಗಿವೆ. ಹೊರಗೆ ಚಪ್ಪಲಿ ಬಿಟ್ಟು, ಕಾರವಾರದ ನೆನಪಿನಿಂದ ಹಣೆ ಮುಟ್ಟಿಕೊಂಡು, ಮೇಲಿನ ಪಟ್ಟಿಯನ್ನೇ ಹುಲಿ ನೋಡುವಂತೆ ನೋಡುತ್ತ, ಸೊಂಟದಿಂದ ಮಡಚಿಕೊಂಡು ಹೊರಟೆ. ಅಷ್ಟು ಬಗ್ಗಬೇಕಿರಲಿಲ್ಲ. ಮೇಲೆ ಬೇಕಾದಷ್ಟು ಜಾಗವಿತ್ತು. ಕೆಳಗೆ ಹೊಸ್ತಿಲಿತ್ತು. ಬಲಗಾಲಿನ ಹೆಬ್ಬೆರಳು.

"ಹೆಬ್ಬೆರಳು," ಎಂದಳು ಅಕ್ಕ, ಜಗಲಿಯಲ್ಲಿ ನನ್ನನ್ನು ಕೂರಿಸಿ. "ಏಕಲವ್ಯನ ಮೇಲೆ ಪೈಗಳು ಬರೆದ ನಾಟಕದ ಹೆಸರು." ನನ್ನ ಉಗುರು ಕಪ್ಪಾಗುತ್ತಿತ್ತು. ನಾನೂ ಸುಮ್ಮನಿರಲಿಲ್ಲ. ಪ್ರತಿ ಸಾಲಿನ ಎರಡನೆಯ ಅಕ್ಷರದಲ್ಲಿ ಕವಿ ತಲೆ ತಗ್ಗಿಸಲೇಬೇಕು ಎಂಬ ಪ್ರಾಸದ ಕಟ್ಟನ್ನು ಮೊದಮೊದಲು ಮುರಿದವರಲ್ಲವೇ ಇವರು, ಇಂಥವರು ಮನೆಯ ಹೊಸ್ತಿಲನ್ನು ಮಾತ್ರ ಹಾಗೇ ಉಳಿಸಿಕೊಂಡಿದ್ದೇಕೆ ಎಂದು ಕೇಳಿದೆ. "ಅವರು ಬಿಟ್ಟದ್ದು ಪ್ರಾಸ. ಕಣ್ಣು ಬಿಟ್ಟು ನಡೆಯುವುದನ್ನಲ್ಲ" ಎಂದಳು.

ಅಲ್ಲಿದ್ದ ಯುವಕ ತಂಬಿಗೆಯಲ್ಲಿ ತಣ್ಣೀರು ತಂದುಕೊಟ್ಟ. ಬೆರಳನ್ನು ನೀರಿಗೆ ಹಿಡಿದು, ಕಾರವಾರದಿಂದ ತಲೆಯಲ್ಲಿ ಕುಳಿತಿದ್ದ ಪ್ರಶ್ನೆಯನ್ನು ಕೇಳಿಯೇಬಿಟ್ಟೆ. ನೌಕೆಯ ಉದ್ದ ಬರೆದಿದ್ದಾರೆ, ತೂಕ ಬರೆದಿದ್ದಾರೆ. ಕವಿಗೆ ಎಷ್ಟು ಭಾಷೆ ಬರುತ್ತಿತ್ತೆಂದು ಎಲ್ಲರೂ ಹೇಳುತ್ತಾರೆ. "ಪೈಗಳು ಎಷ್ಟು ಎತ್ತರ ಇದ್ದರು?"

ಆತನಿಗೆ ಮೂವತ್ತೂ ಆಗಿರಲಿಕ್ಕಿಲ್ಲ. ಪೈಗಳು ತೀರಿಕೊಂಡದ್ದು 1963ರಲ್ಲಿ. ಆತ ನನ್ನನ್ನು ಬುಗುಟೆಯಿಂದ ಬೆರಳಿನವರೆಗೆ ಒಮ್ಮೆ ಅಳೆದು, "ನಿಮ್ಮಷ್ಟು ಇರಲಿಲ್ಲ" ಎಂದ, ಕಂಡವನ ಹಾಗೆ.

ಕುಂಟುತ್ತ ಬಸ್ಸಿನ ದಾರಿ ಹಿಡಿದೆವು. ಅಕ್ಕ ಬಹಳ ಹೊತ್ತು ಮಾತಾಡಲಿಲ್ಲ. ಆ ಎತ್ತರದ ಬಗ್ಗೆಯೇ ಯೋಚಿಸುತ್ತಿದ್ದಾಳೆ ಎಂದುಕೊಂಡೆ.

"ಮೂರು ತಟ್ಟೆಯಲ್ಲ" ಎಂದಳು ಕೊನೆಗೆ. "ನಾಲ್ಕು. ನಾನೇ ಬಡಿಸಿದ್ದು."